ಬೆಳಗಿನ ಪ್ರತಿಜ್ಞೆಯ ಹಿಂದಿನ ಕಥೆ

ಬೇಸಿಗೆಯ ರಜೆಯಲ್ಲಿ ಅಜ್ಜಿಯ ಮನೆಗೆ ಬಂದ ಮೊಮ್ಮಕ್ಕಳನ್ನು ಸಾಲಾಗಿ ನಿಲ್ಲಿಸಿ, ‘ಶಾಲೆಯಲ್ಲಿ ದಿನಾ ಹೇಳುವ ಪ್ರತಿಜ್ಞೆಯನ್ನು ಒಮ್ಮೆ ಹೇಳಿ ನೋಡೋಣ’ ಎಂದು ಕೇಳಬೇಕು. ಮುಂಬಯಿಯಿಂದ ಬಂದವನು ಮರಾಠಿಯಲ್ಲಿ ಹೇಳಿಯಾನು, ಚೆನ್ನೈಯಿಂದ ಬಂದವಳು ತಮಿಳಿನಲ್ಲಿ, ಹೈದರಾಬಾದಿನವನು ತೆಲುಗಿನಲ್ಲಿ, ಊರಿನಲ್ಲೇ ಓದುವವಳು ಕನ್ನಡದಲ್ಲಿ. ಭಾಷೆ ನಾಲ್ಕು, ಅರ್ಥ ಒಂದೇ. ಆದರೆ ಅದನ್ನು ಬರೆದವರು ಯಾರು ಎಂದು ಕೇಳಿದರೆ, ಮಕ್ಕಳಿರಲಿ, ದೊಡ್ಡವರಾದ ನಾವೂ ತಲೆ ಕೆರೆದುಕೊಳ್ಳುತ್ತೇವೆ.

ಶಾಲಾ ಮಕ್ಕಳು ದೇಶನಿಷ್ಠೆಯ ಪ್ರತಿಜ್ಞೆ ಮಾಡುವ ಪದ್ಧತಿಗಳಲ್ಲಿ ಬಹು ಪ್ರಸಿದ್ಧವಾದುದು ಅಮೆರಿಕದ ಧ್ವಜಪ್ರತಿಜ್ಞೆ. ಅದರ ಕಥೆ ವಲಸೆ ಬಂದವರ ಕಥೆಯೂ ಹೌದು. ಆದುದರಿಂದ ಹೊರನಾಡಿನಲ್ಲಿ ಬಾಳುವ ನಮಗೆ ಅದನ್ನು ತಿಳಿಯುವುದರಲ್ಲಿ ಒಂದು ವಿಶೇಷ ಆಸಕ್ತಿ ಇರಬೇಕು.

ಬಾಸ್ಟನ್ ನಗರದಿಂದ ‘ಯೂತ್ಸ್ ಕಂಪ್ಯಾನಿಯನ್’ ಎಂಬ ಪತ್ರಿಕೆಯೊಂದು ಹೊರಡುತ್ತಿತ್ತು. ಶಾಲೆ ಶಾಲೆಗೂ ಧ್ವಜ ಮಾರುವ ಉದ್ಯೋಗವನ್ನೂ ಅದು ಕೈಗೊಂಡಿತ್ತು. ಕೊಲಂಬಸನು ಅಮೆರಿಕವನ್ನು ತಲುಪಿ 400 ವರ್ಷ ತುಂಬಿದ 1892ರಲ್ಲಿ, ಶಾಲಾ ಸಮಾರಂಭಗಳಿಗೆಂದು ಪತ್ರಿಕೆಯ ನೌಕರ ಫ್ರಾನ್ಸಿಸ್ ಬೆಲಮಿ ಎಂಬಾತ ಒಂದು ಚಿಕ್ಕ ಪ್ರತಿಜ್ಞೆ ಬರೆದುಕೊಟ್ಟ. ಈತ ಮೊದಲು ಚರ್ಚಿನ ಪಾದ್ರಿಯಾಗಿದ್ದವನು. ಪತ್ರಿಕೆ ಅದನ್ನು ಸೆಪ್ಟೆಂಬರ್ 8ರಂದು ಅಚ್ಚುಹಾಕಿತು, ಬರೆದವನ ಹೆಸರಿಲ್ಲದೆ. ಇದರಿಂದಾಗಿ ಕರ್ತೃ ಯಾರೆಂಬ ವಿವಾದ ಬಹುಕಾಲ ನಡೆಯಿತು.

ಯೂರೋಪಿನ ನಾನಾ ದೇಶಗಳಿಂದ ಹಡಗು ಹಡಗಾಗಿ ಜನ ಅಮೆರಿಕಕ್ಕೆ ಬಂದಿಳಿಯುತ್ತಿದ್ದ ಕಾಲವದು. ಅವರ ಮಕ್ಕಳನ್ನು ಶಾಲೆಯಲ್ಲಿ ಅಮೆರಿಕನ್ನರನ್ನಾಗಿ ಮಾಡಬೇಕೆಂಬುದು ಅಂದಿನ ಹಿರಿಯರ ಚಿಂತೆ. ಬೆಲಮಿಯ ಪ್ರತಿಜ್ಞೆಯಲ್ಲಿ ಮೊದಲು ‘ನನ್ನ ಧ್ವಜ’ ಎಂದಷ್ಟೇ ಇತ್ತು. ವಲಸೆ ಬಂದ ಮಗು ಬಾಯಲ್ಲಿ ‘ನನ್ನ ಧ್ವಜ’ ಎನ್ನುತ್ತ ಮನಸ್ಸಿನಲ್ಲಿ ತನ್ನ ಹಿಂದಿನ ದೇಶದ ಬಾವುಟವನ್ನು ನೆನೆದರೆ? ಈ ಅನುಮಾನದಿಂದ 1923ರಲ್ಲಿ ಆ ಪದ ತೆಗೆದು ಸಂಯುಕ್ತ ಸಂಸ್ಥಾನಗಳ ಧ್ವಜವೆಂದು ಸೇರಿಸಿದರು. ಅದೂ ಸಾಲದೆಂದು ಮರುವರ್ಷ ಅಮೆರಿಕದ ಹೆಸರನ್ನೂ ಸೇರಿಸಿದರು. ಮಗುವಿನ ಮನಸ್ಸಿನೊಳಗೆ ಯಾವ ಬಾವುಟ ಹಾರುತ್ತದೆಂದು ಇಣುಕಿ ನೋಡುವ ಪ್ರಯತ್ನವಲ್ಲವೇ ಇದು!

ಅನುಮಾನ ಬೆಳೆದರೆ ಬಲವಂತವಾಗುತ್ತದೆ. ಪೆನ್ಸಿಲ್ವೇನಿಯಾ ರಾಜ್ಯದ ಮೈನರ್ಸ್‌ವಿಲ್ ಎಂಬ ಊರಿನಲ್ಲಿ 1935ರಲ್ಲಿ ಯೆಹೋವನ ಸಾಕ್ಷಿಗಳು ಎಂಬ ಪಂಥಕ್ಕೆ ಸೇರಿದ ಅಕ್ಕ ತಮ್ಮ ಇಬ್ಬರು ಧ್ವಜಕ್ಕೆ ವಂದಿಸಲು ಒಪ್ಪಲಿಲ್ಲ. ವಂದನೆ ದೇವರಿಗೆ ಮಾತ್ರ ಸಲ್ಲಬೇಕೆಂಬುದು ಅವರ ನಂಬಿಕೆ. ಶಾಲೆ ಅವರನ್ನು ಹೊರಹಾಕಿತು. 1940ರಲ್ಲಿ ಅಲ್ಲಿಯ ಸರ್ವೋಚ್ಚ ನ್ಯಾಯಾಲಯವೂ ಎಂಟಕ್ಕೆ ಒಂದು ಮತದಿಂದ ಶಾಲೆಯ ಕ್ರಮ ಸರಿಯೆಂದಿತು. ತೀರ್ಪು ಬಂದದ್ದೇ ತಡ, ಆ ಪಂಥದವರ ಮೇಲೆ ದೇಶದ ಹಲವೆಡೆ ಹಲ್ಲೆಗಳಾದವು. ಮೂರೇ ವರ್ಷಗಳಲ್ಲಿ ನ್ಯಾಯಾಲಯ ತನ್ನ ತಪ್ಪನ್ನು ತಿದ್ದಿಕೊಂಡಿತು. ವೆಸ್ಟ್ ವರ್ಜೀನಿಯಾದ ಇಂತಹುದೇ ಮೊಕದ್ದಮೆಯಲ್ಲಿ, ಪ್ರತಿಜ್ಞೆ ಮಾಡೆಂದು ಯಾವ ಮಗುವನ್ನೂ ಬಲವಂತಪಡಿಸುವಂತಿಲ್ಲವೆಂದು 1943ರ ಜೂನ್ 14ರಂದು ತೀರ್ಪಾಯಿತು. ಎರಡನೆಯ ಮಹಾಯುದ್ಧ ನಡೆಯುತ್ತಿದ್ದಾಗ, ಅದೂ ಅವರ ಧ್ವಜದಿನದಂದೇ, ಇಂಥ ಮಾತು ಹೇಳಲು ನ್ಯಾಯಮೂರ್ತಿಗಳಿಗೆ ಎದೆಗಾರಿಕೆ ಬೇಕಾಗಿತ್ತು.

ಇನ್ನು ನಮ್ಮ ಪ್ರತಿಜ್ಞೆ. ಅದನ್ನು ಬರೆದವರು ಪೈಡಿಮರ್ರಿ ವೆಂಕಟ ಸುಬ್ಬಾರಾವ್. ನಲ್ಗೊಂಡ ಜಿಲ್ಲೆಯ ಅನ್ನೆಪರ್ತಿ ಗ್ರಾಮದವರು. ಅನೇಕ ಭಾಷೆಗಳನ್ನು ಬಲ್ಲವರು. ವಿಶಾಖಪಟ್ಟಣದಲ್ಲಿ ಜಿಲ್ಲಾ ಖಜಾನೆಯ ಅಧಿಕಾರಿಯಾಗಿದ್ದಾಗ, 1962ರಲ್ಲಿ, ಚೀನಾ ಯುದ್ಧದ ಆ ಕಹಿ ದಿನಗಳಲ್ಲಿ, ಇದನ್ನು ತೆಲುಗಿನಲ್ಲಿ ಬರೆದರು. ಹಿರಿಯ ನಾಯಕ ತೆನ್ನೇಟಿ ವಿಶ್ವನಾಥಂ ಅವರ ಮೂಲಕ ಅದು ಆಂಧ್ರದ ಶಿಕ್ಷಣಮಂತ್ರಿಗಳಾಗಿದ್ದ ಪಿ.ವಿ.ಜಿ. ರಾಜು ಅವರಿಗೆ ಮುಟ್ಟಿತು. 1963ರಲ್ಲಿ ವಿಶಾಖಪಟ್ಟಣದ ಶಾಲೆಯೊಂದರಲ್ಲಿ ಮಕ್ಕಳು ಮೊದಲ ಬಾರಿಗೆ ಅದನ್ನು ಓದಿದರು.

ಮುಂದಿನ ಹೆಜ್ಜೆ ಕನ್ನಡ ನೆಲದಲ್ಲಿ ಬಿದ್ದಿತೆಂಬುದು ನಮಗೆ ಸಂತೋಷದ ಸಂಗತಿ. 1964ರ ಅಕ್ಟೋಬರಿನಲ್ಲಿ ಕೇಂದ್ರ ಶಿಕ್ಷಣ ಸಲಹಾ ಮಂಡಳಿ ಬೆಂಗಳೂರಿನಲ್ಲಿ ಸೇರಿತು. ಅಧ್ಯಕ್ಷತೆ ವಹಿಸಿದವರು ಅಂದಿನ ಶಿಕ್ಷಣಮಂತ್ರಿ ಎಂ.ಸಿ. ಚಾಗ್ಲಾ, ಹಿಂದೆ ಮುಂಬಯಿ ಹೈಕೋರ್ಟಿನ ಮುಖ್ಯ ನ್ಯಾಯಾಧೀಶರಾಗಿದ್ದವರು. ಪ್ರತಿಜ್ಞೆಯನ್ನು ದೇಶದ ಭಾಷೆಗಳಿಗೆ ಅನುವಾದಿಸಿ, 1965ರ ಜನವರಿ 26ರಿಂದ ಶಾಲೆಗಳಲ್ಲಿ ಹೇಳಿಸಬೇಕೆಂದು ಅಲ್ಲಿ ನಿರ್ಧಾರವಾಯಿತು. ಪಠ್ಯಪುಸ್ತಕಗಳ ಮೊದಲ ಪುಟಗಳಿಗೆ ಪ್ರತಿಜ್ಞೆ ಬಂತು. ಸುಬ್ಬಾರಾಯರ ಹೆಸರು ಬರಲಿಲ್ಲ. 1988ರಲ್ಲಿ ಅವರು ತೀರಿಕೊಂಡಾಗಲೂ ಅವರನ್ನು ಅರಿತವರು ಕೆಲವರೇ.

ಎರಡು ಪ್ರತಿಜ್ಞೆಗಳನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಿದರೆ ಒಂದು ವ್ಯತ್ಯಾಸ ಎದ್ದು ಕಾಣುತ್ತದೆ. ಅಮೆರಿಕದ ಮಗು ಧ್ವಜಕ್ಕೂ ಗಣರಾಜ್ಯಕ್ಕೂ ನಿಷ್ಠೆ ಸಲ್ಲಿಸುತ್ತದೆ. ನಮ್ಮದರಲ್ಲಿ ಧ್ವಜದ ಮಾತೇ ಇಲ್ಲ. ಶತ್ರುವಿನ ಹೆಸರೂ ಇಲ್ಲ, ಯುದ್ಧಕಾಲದಲ್ಲಿ ಹುಟ್ಟಿದರೂ! ದೇಶದವರೆಲ್ಲ ಒಡಹುಟ್ಟಿದವರು, ಪರಂಪರೆಯ ವೈವಿಧ್ಯವೇ ಹೆಮ್ಮೆ, ಹಿರಿಯರಿಗೆ ಗೌರವ, ಎಲ್ಲರೊಡನೆ ಸೌಜನ್ಯ, ಇಷ್ಟೇ ಅದರ ಸಾರ. ಒಂದು ಭಾಷೆಯನ್ನು ಬಿಟ್ಟು ಇನ್ನೊಂದನ್ನು ಹಿಡಿ ಎಂದು ಅದು ಕೇಳುವುದಿಲ್ಲ.

ನಮ್ಮಲ್ಲಿಯೂ ಬಲವಂತದ ಪ್ರಶ್ನೆ ಏಳದಿರಲಿಲ್ಲ. 1985ರಲ್ಲಿ ಕೇರಳದ ಶಾಲೆಯೊಂದು ಅದೇ ಯೆಹೋವನ ಸಾಕ್ಷಿಗಳ ಪಂಥದ ಮೂವರು ಮಕ್ಕಳನ್ನು ರಾಷ್ಟ್ರಗೀತೆ ಹಾಡಲಿಲ್ಲವೆಂದು ಹೊರಹಾಕಿತು. ಹಾಡುವಾಗ ಅವರು ಗೌರವದಿಂದ ಎದ್ದು ನಿಲ್ಲುತ್ತಿದ್ದರು. ಸುಪ್ರೀಂ ಕೋರ್ಟು 1986ರ ಆಗಸ್ಟಿನಲ್ಲಿ, ಅಮೆರಿಕದ ತೀರ್ಪುಗಳನ್ನೂ ಪರಿಶೀಲಿಸಿ, ಮಕ್ಕಳನ್ನು ಮರಳಿ ಸೇರಿಸಿಕೊಳ್ಳಬೇಕೆಂದು ಆದೇಶಿಸಿತು. ನಮ್ಮ ಪರಂಪರೆ ಕಲಿಸಿದ ಸಹನೆಯನ್ನು ದುರ್ಬಲಗೊಳಿಸಬಾರದೆಂಬುದು ನ್ಯಾಯಮೂರ್ತಿ ಓ. ಚಿನ್ನಪ್ಪ ರೆಡ್ಡಿಯವರ ತೀರ್ಪಿನ ಆಶಯ.

ಪರರಾಜ್ಯದಲ್ಲಿ ಮನೆ ಮಾಡಿದ ನಮ್ಮನ್ನು ಯಾರಾದರೂ ‘ನೀವು ಯಾವ ಕಡೆಯವರು?’ ಎಂದು ಕೇಳಿದ ಅನುಭವ ಅನೇಕರಿಗೆ ಉಂಟು. ಮಗು ಬೆಳಿಗ್ಗೆ ಮರಾಠಿಯಲ್ಲೋ ತಮಿಳಿನಲ್ಲೋ ಹಿಂದಿಯಲ್ಲೋ ಹೇಳುವ ಪ್ರತಿಜ್ಞೆಯಲ್ಲಿ ಆ ಪ್ರಶ್ನೆಗೆ ಉತ್ತರವಿದೆ. ಆದರೆ ಅರ್ಥ ತಿಳಿಯದೆ ಗಿಳಿಪಾಠ ಒಪ್ಪಿಸಿದರೆ ಉತ್ತರ ಯಾರಿಗೂ ಕೇಳಿಸದು. ಒಂದು ಸಂಜೆ ಮಕ್ಕಳನ್ನು ಹತ್ತಿರ ಕೂಡಿಸಿಕೊಂಡು, ಅದರ ಒಂದೊಂದು ಮಾತಿನ ಅರ್ಥವನ್ನೂ ಮನೆಯ ಕನ್ನಡದಲ್ಲಿ ಬಿಡಿಸಿ ಹೇಳೋಣ. ಜೊತೆಗೆ ಆ ಖಜಾನೆ ಅಧಿಕಾರಿಯ ಹೆಸರನ್ನೂ ತಿಳಿಸೋಣ.