ನಾಡು, ಕಂಪಣ, ಬಾಡ: ಅಬ್ಬಲೂರ ಶಾಸನದ ಬೆಳಕಿನಲ್ಲಿ

ಹಾವೇರಿ ಜಿಲ್ಲೆಯ ಹಿರೇಕೆರೂರು ತಾಲ್ಲೂಕಿನ ಅಬ್ಬಲೂರು ಏಕಾಂತದ ರಾಮಯ್ಯನ ಕ್ಷೇತ್ರವೆಂದು ಶಿವಭಕ್ತರಿಗೆ ಪರಿಚಿತ. ಅಲ್ಲಿಯ ಸೋಮೇಶ್ವರ ದೇವಾಲಯದಲ್ಲಿರುವ ಸುಮಾರು ಕ್ರಿ.ಶ. 1200ರ ಶಾಸನವು, ರಾಮಯ್ಯನು ತನ್ನ ಶಿರಸ್ಸನ್ನು ಅರಿದು ಶಿವನಿಗೆ ಒಪ್ಪಿಸಿ ಏಳನೆಯ ದಿನ ಮರಳಿ ಪಡೆದ ಪವಾಡವನ್ನು ನಿರೂಪಿಸುತ್ತದೆ. ಭಕ್ತರಿಗೆ ಇದು ಶ್ರದ್ಧೆಯ ಲೇಖ. ಇತಿಹಾಸದ ಅಭ್ಯಾಸಿಗೆ ಹನ್ನೆರಡನೆಯ ಶತಮಾನದ ಗ್ರಾಮಾಡಳಿತವನ್ನು ತೋರುವ ಕನ್ನಡಿಯೂ ಹೌದು.

ಪವಾಡದ ನಂತರ ರಾಮಯ್ಯನಿಗೆ ದೊರೆತ ದತ್ತಿಗಳನ್ನು ಶಾಸನವು ಹೆಸರಿಸುತ್ತದೆ. ಕಳಚೂರ್ಯ ಬಿಜ್ಜಳನು ಸತ್ತಳಿಗೆ 70ರ ಗೋಗಾವೆಯನ್ನೂ, ಚಾಲುಕ್ಯ ನಾಲ್ವಡಿ ಸೋಮೇಶ್ವರನು ನಾಗರಖಂಡ 70ರ ಅಬ್ಬಲೂರನ್ನೂ, ಹಾನಗಲ್ಲಿನ ಕದಂಬ ಕಾಮದೇವನು ಪಾನುಂಗಲ್ಲು 500ರ ಹೊಸನಾಡು 70ರ ಮಲ್ಲವಳ್ಳಿಯನ್ನೂ ಬಿಟ್ಟರು. ನಾಗರಖಂಡವು ಬನವಾಸಿ 12000ದ ಒಂದು ಕಂಪಣ. ಹೀಗೆ ನಾಡಿನೊಳಗೆ ಕಂಪಣ, ಕಂಪಣದೊಳಗೆ ಬಾಡ ಎಂದರೆ ಹಳ್ಳಿ. ಇದೇ ಅಂದಿನ ಆಡಳಿತದ ಮೆಟ್ಟಿಲು.

ಈ ಸಂಖ್ಯೆಗಳ ಅರ್ಥವೇನೆಂಬುದರಲ್ಲಿ ವಿದ್ವಾಂಸರಿಗೆ ಒಮ್ಮತವಿಲ್ಲ. ಹಳ್ಳಿಗಳ ಎಣಿಕೆಯೆಂದು ಕೆಲವರೂ, ಕಂದಾಯದ ಮೊತ್ತವೆಂದು ಇನ್ನು ಕೆಲವರೂ ಹೇಳಿದ್ದಾರೆ. ಕ್ರಿ.ಶ. 634ರ ಐಹೊಳೆ ಶಾಸನವು ಮೂರು ಮಹಾರಾಷ್ಟ್ರಕಗಳಲ್ಲಿ 99000 ಗ್ರಾಮಗಳಿದ್ದವೆಂದು ಸ್ಪಷ್ಟವಾಗಿಯೇ ಹೇಳುವುದರಿಂದ ಮೊದಲನೆಯ ಅಭಿಪ್ರಾಯಕ್ಕೆ ಆಧಾರವುಂಟು. ಆದರೆ ದೊಡ್ಡ ಸಂಖ್ಯೆಗಳನ್ನು ಅಕ್ಷರಶಃ ನಂಬಲಾಗದು. 2011ರ ಜನಗಣತಿಯಲ್ಲಿ ಕರ್ನಾಟಕ ರಾಜ್ಯದ ಒಟ್ಟು ಹಳ್ಳಿಗಳು ಸುಮಾರು 29 ಸಾವಿರ ಮಾತ್ರ. ಮುಖ್ಯವಾಗಿ ದಕ್ಷಿಣ ಕರ್ನಾಟಕದಲ್ಲಿ ಹರಡಿದ್ದ ಗಂಗವಾಡಿಯೊಂದಕ್ಕೇ 96000 ಹಳ್ಳಿಗಳು ಹೇಗೆ ಇದ್ದಾವು? ಬನವಾಸಿಯ 12000ವನ್ನು 70ರಂತೆ ಭಾಗಿಸಿದರೆ ನೂರೆಪ್ಪತ್ತಕ್ಕೂ ಮಿಕ್ಕ ಕಂಪಣಗಳಾಗಬೇಕು. ಶಾಸನಗಳಲ್ಲಿ ಅಷ್ಟು ಕಂಪಣಗಳು ಕಾಣಬರುವುದಿಲ್ಲ. ಚಿಕ್ಕ ವಿಭಾಗಗಳ ಸಂಖ್ಯೆ ಹಳ್ಳಿಗಳ ಎಣಿಕೆಗೆ ಹತ್ತಿರವಿರಬಹುದು. ಆದರೂ ಒಂದೇ ಶಾಸನದ ಮೂರು ಕಂಪಣಗಳೂ ಸರಿಯಾಗಿ 70 ಆಗಿರುವುದನ್ನು ನೋಡಿದರೆ, ಅದೂ ಎಂದೋ ಗೊತ್ತುಮಾಡಿ ರೂಢಿಯಿಂದ ಉಳಿದುಬಂದ ಲೆಕ್ಕವೆಂದು ತೋರುತ್ತದೆ.

ಸಂಖ್ಯೆ ಏನೇ ಇರಲಿ, ಆಡಳಿತದ ಜೀವವಿದ್ದುದು ಬಾಡದಲ್ಲಿ. ಊರಿಗೆ ಗಾವುಂಡನು ಮುಖ್ಯಸ್ಥ, ಅಗ್ರಹಾರಗಳಲ್ಲಿ ಮಹಾಜನರು. ಹೊಲವನ್ನು ಮತ್ತರುಗಳಲ್ಲಿ ಅಳೆಯುತ್ತಿದ್ದರು. ಸಿದ್ಧಾಯ, ಸುಂಕ, ಮನೆವಣ ಮೊದಲಾದ ತೆರಿಗೆಗಳಿದ್ದವು. ಅಬ್ಬಲೂರಿನ ಪ್ರಸಂಗದಲ್ಲಿಯೂ ಜೈನರ ಮುಂದಾಳಾಗಿ ನಿಂತವನು ಸಂಕಗಾವುಂಡನೇ. ಪಣದ ಮಾತು ಓಲೆಯಲ್ಲಿ ಲಿಖಿತವಾಗಬೇಕೆಂದು ರಾಮಯ್ಯನು ಕೇಳುತ್ತಾನೆ. ವ್ಯಾಜ್ಯವು ಬಿಜ್ಜಳನವರೆಗೆ ಏರುತ್ತದೆ. ಅರಸನು ಜಯಪತ್ರವನ್ನು ಕೊಡುತ್ತಾನೆ. ಊರಿನ ಮಾತಿಗೆ ಬರಹದ ಸಾಕ್ಷಿ ಬೇಕಿತ್ತೆಂಬುದೂ, ಊರಿನಲ್ಲಿ ತೀರದ ವಿವಾದವು ಅರಸನ ಸನ್ನಿಧಿಗೆ ಹೋಗಬಹುದಿತ್ತೆಂಬುದೂ ಇದರಿಂದ ವಿದಿತವಾಗುತ್ತದೆ.

ಹಾಗಾದರೆ ಈ ಬಾಡಗಳಲ್ಲಿ ಬಾಳಿದ ಜನರೆಷ್ಟು? ಈ ಪ್ರಶ್ನೆಗೆ ನಾಡಿನ ಸಂಖ್ಯೆಗಳು ಉತ್ತರ ಕೊಡುವುದಿಲ್ಲ. ಅರಸರ ಲೆಕ್ಕ ನೆಲದ್ದು, ತೆರಿಗೆಯದು, ತಲೆಯೆಣಿಕೆಯದಲ್ಲ. ಮೈಸೂರು ಸಂಸ್ಥಾನದಲ್ಲಿಯೂ ಮುಂಬಯಿ ಪ್ರಾಂತದಲ್ಲಿಯೂ ವ್ಯವಸ್ಥಿತ ಜನಗಣತಿ ನಡೆದದ್ದು 1871–72ರ ಸುಮಾರಿಗೆ. ಅದಕ್ಕೆ ಮೊದಲಿನ ಶತಮಾನಗಳಲ್ಲಿ ತೆರಿಗೆ ತೆರುವ ಒಕ್ಕಲು ಲೆಕ್ಕಕ್ಕೆ ಬಂದನು. ಅವನ ಮನೆಯಲ್ಲಿ ಭತ್ತ ಕುಟ್ಟಿದವಳೂ ನೂಲು ತೆಗೆದವಳೂ ಹೆಸರಿಲ್ಲದೆ ಹೋದರು.

ಶರಣ ಸಾಹಿತ್ಯದ ಐತಿಹಾಸಿಕ ಮಹತ್ವ ಇಲ್ಲಿಯೇ ಗೋಚರಿಸುತ್ತದೆ. ಕೊಟ್ಟಣದ ಸೋಮಮ್ಮ, ಕದಿರ ರೆಮ್ಮವ್ವೆ, ನುಲಿಯ ಚಂದಯ್ಯ, ಅಂಬಿಗರ ಚೌಡಯ್ಯ, ಮಾದಾರ ಚೆನ್ನಯ್ಯ ಇವರ ಹೆಸರುಗಳು ಕಾಯಕದೊಡನೆಯೇ ಉಳಿದುಬಂದಿವೆ. ನಾಡು ಎಷ್ಟು ಸಾವಿರದ್ದೆಂಬುದನ್ನು ಶಾಸನಗಳು ಸಾರಿದರೆ, ಆ ನಾಡಿನಲ್ಲಿ ದುಡಿದವರು ಯಾರೆಂಬುದನ್ನು ವಚನಗಳು ತಿಳಿಸುತ್ತವೆ. ಎರಡನ್ನೂ ಕೂಡಿಸಿ ಓದಿದಲ್ಲದೆ ಹನ್ನೆರಡನೆಯ ಶತಮಾನದ ಹಳ್ಳಿಯ ಚಿತ್ರ ಪೂರ್ಣವಾಗದು.