ಇಹ್ನಾಟೋವಿಚ್, ಎಡ್ವರ್ಡ್
(1926–1988). ಪೋಲೆಂಡಿನಲ್ಲಿ ಹುಟ್ಟಿ ಬ್ರಿಟನ್ನಿನಲ್ಲಿ ನೆಲೆಸಿದ ಶಿಲ್ಪಿ. ರೋಬಾಟ್ ಶಿಲ್ಪಕಲೆಯ ಆದ್ಯರಲ್ಲೊಬ್ಬ. ಆಕ್ಸ್‌ಫರ್ಡಿನ ರಸ್ಕಿನ್ ಕಲಾಶಾಲೆಯಲ್ಲಿ ವ್ಯಾಸಂಗ ಮಾಡಿದ. 1968ರಲ್ಲಿ ಲಂಡನ್ನಿನ ‘ಸೈಬರ್ನೆಟಿಕ್ ಸೆರೆಂಡಿಪಿಟಿ’ ಪ್ರದರ್ಶನದಲ್ಲಿದ್ದ ಈತನ ‘ಸ್ಯಾಮ್’ ಶಿಲ್ಪ ಸದ್ದು ಬಂದತ್ತ ತಿರುಗುತ್ತಿತ್ತು.

ಫಿಲಿಪ್ಸ್ ಕಂಪನಿಗಾಗಿ ರಚಿಸಿದ ‘ಸೆನ್‌ಸ್ಟರ್’ ಈತನ ಮೇರುಕೃತಿ. 1970ರಿಂದ 1974ರವರೆಗೆ ಇದು ನೆದರ್ಲೆಂಡ್ಸ್‌ನ ಐಂಡ್‌ಹೋವನ್ ನಗರದ ಎವೊಲುವಾನ್ ವಿಜ್ಞಾನ ಪ್ರದರ್ಶನಾಲಯದಲ್ಲಿತ್ತು. ಉಕ್ಕಿನ ಕೊಳವೆಗಳ ಈ ಬೃಹತ್ ಶಿಲ್ಪದ ಕೀಲುಗಳಿಗೆ ಲಾಬ್‌ಸ್ಟರ್ ಎಂಬ ಕಡಲಜೀವಿಯ ಇಕ್ಕುಳವೇ ಮಾದರಿ. ಚಲನೆಗೆ ಹೈಡ್ರಾಲಿಕ್ ಒತ್ತಡ, ನಿಯಂತ್ರಣಕ್ಕೆ ಕಂಪ್ಯೂಟರ್. ತಲೆಯಲ್ಲಿದ್ದ ಮೈಕ್ರೊಫೋನು, ರೇಡಾರುಗಳು ಸದ್ದನ್ನೂ ಚಲನೆಯನ್ನೂ ಗ್ರಹಿಸುತ್ತಿದ್ದವು. ಮೆಲುದನಿಗೆ ಶಿಲ್ಪ ಕತ್ತು ಬಾಗಿಸಿ ಹತ್ತಿರ ಬರುತ್ತಿತ್ತು; ಗದ್ದಲವೆದ್ದರೆ ಬೆದರಿ ಹಿಂದೆ ಸರಿಯುತ್ತಿತ್ತು. ಪ್ರಾಣಿಸಹಜ ವರ್ತನೆಯನ್ನೇ ಶಿಲ್ಪದ ವಸ್ತುವಾಗಿಸಿದ್ದು ಈತನ ಹಿರಿಮೆ. ಪೋಲೆಂಡಿನ ಕ್ರಾಕೋವ್‌ನ ಎಜಿಎಚ್ ವಿಶ್ವವಿದ್ಯಾಲಯ ಸೆನ್‌ಸ್ಟರ್‌ಗೆ ಮತ್ತೆ ಚಾಲನೆ ಕೊಟ್ಟಿದೆ.