ಫ್ರೀ ಸಿನಿಮಾದ ಬಿಲ್ ಯಾರ ಹೆಸರಿಗೆ?

ಶುಕ್ರವಾರ ಬೆಳಗ್ಗೆ ಸಿನಿಮಾ ರಿಲೀಸ್, ಸಂಜೆಯೊಳಗೆ ಯಾವುದೋ ಗ್ರೂಪ್‌ನಲ್ಲಿ ಅದರ ಲಿಂಕ್. ನಮಗೆಲ್ಲ ಇದು ಮಾಮೂಲಿ. ಆದ್ರೆ ಈ ಕಳ್ಳದಂಧೆಗೆ ನಲವತ್ತು ವರ್ಷಕ್ಕೂ ಮೀರಿದ ಇತಿಹಾಸ ಇದೆ.

ಶುರುವಾಗಿದ್ದು ವಿಸಿಆರ್‌ನಿಂದ. ಎಂಬತ್ತರ ದಶಕದಲ್ಲಿ ಹೊಸ ಸಿನಿಮಾಗಳ ನಕಲಿ ಕ್ಯಾಸೆಟ್ ಬಾಡಿಗೆಗೆ ಸಿಗ್ತಿತ್ತು. ಇದನ್ನು ತಡೆಯೋಕೆ 1957ರ ಕೃತಿಸ್ವಾಮ್ಯ ಕಾಯ್ದೆಗೆ 1984ರಲ್ಲಿ ತಿದ್ದುಪಡಿ ತಂದರು. ಶಿಕ್ಷೆ 6 ತಿಂಗಳಿಂದ 3 ವರ್ಷದವರೆಗೆ ಜೈಲು, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ.

ಆಮೇಲೆ ಫುಟ್‌ಪಾತ್ ಸಿಡಿಗಳ ಕಾಲ. ತಮಿಳುನಾಡು 2004ರಲ್ಲಿ ವಿಡಿಯೊ ಪೈರಸಿ ಮಾಡೋರನ್ನು ಗೂಂಡಾ ಕಾಯ್ದೆ ವ್ಯಾಪ್ತಿಗೆ ತಂದಿತು. ಕರ್ನಾಟಕ ಅದೇ ಕೆಲಸ ಮಾಡಿದ್ದು 2014ರಲ್ಲಿ. ಅಷ್ಟೊತ್ತಿಗೆ ದಂಧೆ ಫುಟ್‌ಪಾತ್ ಬಿಟ್ಟು ಇಂಟರ್ನೆಟ್‌ಗೆ ಹೋಗಿತ್ತು.

ವೆಬ್‌ಸೈಟ್‌ಗೆ ಬೀಗ ಹಾಕೋದು ಕಷ್ಟ. ಒಂದನ್ನು ಬ್ಲಾಕ್ ಮಾಡಿದ್ರೆ ಇನ್ನೊಂದು ಹೆಸರಲ್ಲಿ ಎದ್ದು ಬರುತ್ತೆ. ಅದಕ್ಕೇ 2019ರಲ್ಲಿ ದೆಹಲಿ ಹೈಕೋರ್ಟ್, ಹೊಸ ಕೇಸ್ ಹಾಕದೆಯೇ ಇಂಥ ನಕಲು ಸೈಟ್‌ಗಳನ್ನೂ ಹಳೇ ಆದೇಶಕ್ಕೆ ಸೇರಿಸೋ ದಾರಿ ಮಾಡಿಕೊಟ್ಟಿತು. 2023ರ ಸಿನಿಮಾಟೋಗ್ರಾಫ್ ತಿದ್ದುಪಡಿಯಲ್ಲಿ ದಂಡ ಕನಿಷ್ಠ 3 ಲಕ್ಷ ರೂಪಾಯಿ. ಚಿತ್ರದ ನಿರ್ಮಾಣ ವೆಚ್ಚದ ಶೇ 5ರವರೆಗೂ ಏರಬಹುದು.

'ನಾನು ಬರೀ ನೋಡೋನು, ನನಗೇನು?' ಅಂತೀರಾ? ಇಲ್ಲೇ ಇರೋದು ವ್ಯತ್ಯಾಸ. ಕ್ಯಾಸೆಟ್ ತಂದವರು ಬಾಡಿಗೆ ಕೊಟ್ಟರೆ ಲೆಕ್ಕ ಚುಕ್ತಾ. ಟೊರೆಂಟ್‌ನಲ್ಲಿ ಹಾಗಲ್ಲ. ನೀವು ಡೌನ್‌ಲೋಡ್ ಮಾಡ್ತಿರುವಾಗಲೇ ನಿಮ್ಮ ಫೋನ್ ಅದೇ ಫೈಲ್‌ನ ತುಣುಕುಗಳನ್ನು ಬೇರೆಯವರಿಗೆ ಕಳಿಸ್ತಿರುತ್ತೆ. ಅಂದ್ರೆ ಗೊತ್ತಿಲ್ಲದೇ ನೀವೂ ಹಂಚೋರ ಸಾಲಿಗೆ ಸೇರಿರ್ತೀರಿ. ಫೈಲ್ ಫಾರ್ವರ್ಡ್ ಮಾಡಿದ್ರಂತೂ ಗೊತ್ತಿದ್ದೇ ಹಂಚಿದ ಹಾಗೆ.

ಇನ್ನು ದುಡ್ಡಿನ ವಿಚಾರ. ಟಿಕೆಟ್ ಇಲ್ಲದ ಸೈಟ್ ನಡೆಯೋದು ಜಾಹೀರಾತಿನಿಂದ. ಅದರಲ್ಲಿ ಮೋಸದ ಜಾಹೀರಾತೂ ಇರುತ್ತೆ. ಪ್ಲೇ ಬಟನ್ ಅಂತ ಒತ್ತಿದ್ರೆ ಬೇರೆ ಪೇಜ್ ತೆರೆಯುತ್ತೆ, 'ಈ ಆಪ್ ಹಾಕ್ಕೊಳ್ಳಿ' ಅನ್ನುತ್ತೆ. ಆ ಆಪ್‌ಗೆ ಎಸ್‌ಎಂಎಸ್ ಓದೋ ಅನುಮತಿ ಕೊಟ್ಟರೆ ನಿಮ್ಮ ಬ್ಯಾಂಕ್ ಒಟಿಪಿಯನ್ನೂ ಅದು ಓದಬಹುದು.

ಅಂಥ ಆಪ್ ಈಗಾಗಲೇ ಹಾಕಿದ್ರೆ ಮೊದಲು ನೆಟ್ ಆಫ್ ಮಾಡಿ, ಆಪ್ ತೆಗೆದುಹಾಕಿ, ಬೇರೆ ಫೋನ್‌ನಿಂದ ಪಾಸ್‌ವರ್ಡ್ ಬದಲಿಸಿ. ಖಾತೆಯಿಂದ ದುಡ್ಡು ಹೋಗಿದ್ರೆ ತಡ ಮಾಡದೆ 1930ಕ್ಕೆ ಕರೆ ಮಾಡಿ, ಬ್ಯಾಂಕಿಗೂ ತಿಳಿಸಿ. ಮತ್ತೆ ಸಿಗೋಣ.